ಗಾಳಿಯಲ್ಲೇ ನಿಂತ ಕುದುರೆ

ಎದುರಿಗೆ ನಿಂತವರಿಗೆ ನಿಜ ಹೇಳುವ ಧೈರ್ಯ ಕೆಲವರಿಗೆ ಹುಟ್ಟಿನಿಂದಲೇ ಬಂದಿರುತ್ತದೆ. ನನ್ನ ಹೆಂಡತಿ ಶಾಂತಾ ಆ ಪೈಕಿ. ನಾನು ಮಾತ್ರ ಉಪ್ಪಿಲ್ಲದ ಸಾರು ಉಂಡು, "ಭಾಳ ಛಂದ ಆಗ್ಯದ" ಎಂದು ಇನ್ನೊಂದು ಸೌಟು ಹಾಕಿಸಿಕೊಳ್ಳುವವನು. ಲಗ್ನವಾದಾಗಿನಿಂದ ಇದೇ ನಡೆದಿದೆ. ಇಂಥವನು ಏನು ಬೇಕಾದರೂ ಆಗಬಹುದು, ಸಂಪಾದಕನಾಗಬಾರದು. ಹಣೆಬರಹ ನೋಡಿ, ನಾನು ಅದೇ ಆದೆ.

ಹುಮನಾಬಾದಿನ ಒಂದು ಛಾಪಖಾನೆಯಲ್ಲಿ ಲಗ್ನಪತ್ರಿಕೆಗಳ ತಪ್ಪು ತಿದ್ದುವ ಕೆಲಸ ನನ್ನದಾಗಿತ್ತು. ಲಗ್ನದ ಸುಗ್ಗಿ ಮುಗಿದ ಮೇಲೆ ಯಂತ್ರ ಸುಮ್ಮನೆ ನಿಲ್ಲುವುದನ್ನು ನೋಡಲಾರದೆ, ಮಾಲೀಕರ ಕೈಕಾಲು ಹಿಡಿದು, 'ಗಿಲಕಿ' ಎಂಬ ಮಕ್ಕಳ ಚಿತ್ರಕಥೆಯ ಮಾಸಪತ್ರಿಕೆ ಹೊರಡಿಸಿದೆ. ಸಂಪಾದಕ ನಾನು, ಕಥೆಗಾರ ನಾನು, ಕಟ್ಟು ಕಟ್ಟಿ ಬಸ್ಸಿಗೆ ಹಾಕುವವನೂ ನಾನೇ. ಪತ್ರಿಕೆ ಎಂದ ಮೇಲೆ ಓದುಗರ ಪತ್ರ ಇರಬೇಕಲ್ಲ? ಮೊದಲ ಸಂಚಿಕೆಗೇ ಪತ್ರ ಎಲ್ಲಿಂದ ಬರಬೇಕು? ಹೀಗಾಗಿ ಓದುಗನೂ ನಾನೇ ಆದೆ. ಸಂಪಾದಕರನ್ನು ಹೊಗಳಿ ಐದು ಪತ್ರ ಬರೆದುಕೊಂಡೆ. ಒಂದರಲ್ಲಿ ಸ್ವಲ್ಪ ಬೈದುಕೊಂಡೆ, ಜನರಿಗೆ ನಂಬಿಕೆ ಬರಲಿ ಎಂದು. ಆಮೇಲೆ ನಿಜವಾದ ಪತ್ರಗಳು ಬರತೊಡಗಿದವು, ಆದರೆ ಅವು ನನ್ನವುಗಳಷ್ಟು ಚೆನ್ನಾಗಿರಲಿಲ್ಲ.

ಚಿತ್ರ ಬರೆಯುವವರು ಮಾತ್ರ ಬೇರೆ. ಬಸವಕಲ್ಯಾಣದ ಪೇಂಟರ್ ಗಫೂರ್ ಸಾಹೇಬರು. ಆ ಊರಿನ ಅರ್ಧ ಅಂಗಡಿಗಳ ಬೋರ್ಡು ಅವರ ಕೈಯವು, ಅಕ್ಷರವೆಂದರೆ ಮುತ್ತು ಪೋಣಿಸಿದಂತೆ. ನಾನು ಕಥೆ ಬರೆದು ಬಸ್ಸಿನ ಕಂಡಕ್ಟರನ ಕೈಯಲ್ಲಿ ಕಳಿಸಿದರೆ, ವಾರದೊಳಗೆ ಚಿತ್ರಗಳು ಅದೇ ಬಸ್ಸಿನಲ್ಲಿ ವಾಪಸು ಬರಬೇಕು. ಬರುತ್ತಿರಲಿಲ್ಲ. "ಸಾಹೇಬ್ರ, ತಾರೀಖು ಮೀರ್ತು" ಎಂದು ದಿನಕ್ಕೆ ಎರಡು ಸಲ ಫೋನು ಮಾಡುತ್ತಿದ್ದೆ. "ಅರೆ ಸಂಪಾದಕ್ರ, ಜರಾ ಸಬೂರಿ ಇಟ್ಕೋರಿ. ಲಗ್ನಪತ್ರಿಕಿ ಏನು ಇದು, ಮುಹೂರ್ತ ಮೀರಾಕ?" ಎನ್ನುತ್ತಿದ್ದರು. ನಾನು ಫೋನಿಟ್ಟು ಹಲ್ಲು ಕಡಿಯುತ್ತಿದ್ದೆ.

ನಮ್ಮ ನಾಯಕ ಧೀರ ಮಲ್ಲಣ್ಣ. ಅವನ ಕುದುರೆಯ ಹೆಸರು ಹವಾ. ಸಾಹೇಬರು ಮಲ್ಲಣ್ಣನ ಮೀಸೆಯನ್ನು ಬರೆದರೆ ಮುಟ್ಟಿ ನೋಡಬೇಕು ಎನಿಸುತ್ತಿತ್ತು. ಕೋಟೆ ಬರೆದರೆ ನಮ್ಮ ಕಲ್ಯಾಣದ ಕೋಟೆಯೇ. ಹುಲಿ, ಹಾವು, ಡಕಾಯಿತರು, ಒಂದರಲ್ಲೂ ತಪ್ಪು ಹುಡುಕುವಂತಿರಲಿಲ್ಲ. ಕುದುರೆ ಮಾತ್ರ ಅವರಿಗೆ ಒಲಿಯಲೇ ಇಲ್ಲ. ಎಷ್ಟು ಬರೆದರೂ ಕಿವಿ ಉದ್ದ, ಹೊಟ್ಟೆ ಜೋತು, ಮುಖದಲ್ಲಿ ಲೋಕದ ಮೇಲೆಲ್ಲ ಬೇಸರ. ಸಂಶಯವೇ ಬೇಡ, ಅದು ಕತ್ತೆ. ಆದರೆ ಕೈಯ ಕೆಲಸ ಬಿಟ್ಟು ಪ್ರೀತಿಯಿಂದ ಬರೆದುಕೊಡುವ ಮನುಷ್ಯನಿಗೆ ಹೇಗೆ ಹೇಳುವುದು? ನಾನು ಉಪ್ಪಿಲ್ಲದ ಸಾರಿನವನು. ಹೀಗಾಗಿ ಒಂದು ಪತ್ರ ಬರೆದೆ. 'ಸಂಪಾದಕರೇ, ಧೀರ ಮಲ್ಲಣ್ಣನು ಯುದ್ಧಕ್ಕೆ ಕತ್ತೆಯ ಮೇಲೆ ಏಕೆ ಹೋಗುತ್ತಾನೆ? ಇಂತಿ, ಶರಣಪ್ಪ, ಆರನೇ ತರಗತಿ, ನಿರ್ಣಾ.' ಅದರ ಕೆಳಗೆ ಸಂಪಾದಕರ ಗತ್ತಿನಲ್ಲಿ 'ಚಿತ್ರಕಾರರ ಗಮನಕ್ಕೆ ತರಲಾಗಿದೆ' ಎಂದೂ ಅಚ್ಚು ಹಾಕಿದೆ.

ಬೇರೆ ಯಾರಾದರೂ ಆಗಿದ್ದರೆ ಸಿಟ್ಟಾಗಿ ಎರಡು ಮಾತು ಬೈದು ಸುಮ್ಮನಾಗುತ್ತಿದ್ದರು. ಗಫೂರ್ ಸಾಹೇಬರಿಗೆ ಖುಷಿಯಾಯಿತು! ತನ್ನ ಚಿತ್ರವನ್ನು ಇಷ್ಟು ಕಣ್ಣಿಟ್ಟು ನೋಡುವ ಕೂಸು ಒಂದಿದೆಯಲ್ಲ ಎಂದು. ದೊಡ್ಡ ಹಾಳೆಯ ಮೇಲೆ ಹೊಸದಾಗಿ ಕುದುರೆ ಬರೆದು, ಸುರುಳಿ ಸುತ್ತಿ, ಎರಡು ಬಸ್ಸು ಬದಲಿಸಿ ನಿರ್ಣಾಕ್ಕೆ ಹೋದರು. ಶರಣಪ್ಪನಿಗೆ ಅದನ್ನು ಕೊಟ್ಟು, ಕಿವಿ ಎಷ್ಟು ಇರಬೇಕು ಎಂದು ಅವನನ್ನೇ ಕೇಳಬೇಕೆಂದು. ಶಾಲೆಯಲ್ಲಿ ಕೇಳಿದರು, ಓಣಿ ಓಣಿ ತಿರುಗಿದರು. ಮೂವರು ಶರಣಪ್ಪರು ಸಿಕ್ಕರಂತೆ, ಅವರಲ್ಲಿ ಇಬ್ಬರಿಗೆ ಮೊಮ್ಮಕ್ಕಳಿದ್ದರು. ಸಾಹೇಬರು ನೆಟ್ಟಗೆ ನಮ್ಮ ಛಾಪಖಾನೆಗೆ ಬಂದರು. "ಸಂಪಾದಕ್ರ, ಆ ಶರಣಪ್ಪ ಯಾವ ಓಣ್ಯಾಗ ಇರ್ತಾನ್ರಿ?" ಆಗಲಾದರೂ ಒಪ್ಪಿಕೊಳ್ಳಬಾರದಿತ್ತೇ? "ಅವರಪ್ಪಗ ಚಿಟಗುಪ್ಪಕ್ಕ ವರ್ಗ ಆಗ್ಯದಂತ್ರಿ" ಎಂದುಬಿಟ್ಟೆ. ಪುಣ್ಯಾತ್ಮರು ಮರುದಿನ ಚಿಟಗುಪ್ಪಕ್ಕೂ ಹೋದರು.

ಅಲ್ಲಿಂದ ಬಂದವರು ಒಳಗೆ ಕಾಲಿಡಲಿಲ್ಲ. ಬಾಗಿಲಲ್ಲಿ ನಿಂತು, ನನ್ನ ಮೇಜಿನ ಮೇಲೆ ಒಣಗುತ್ತಿದ್ದ ಮುಂದಿನ ತಿಂಗಳ 'ಓದುಗರ ಪತ್ರ'ಗಳನ್ನು ನೋಡಿದರು. ಐದು ಊರಿನ ಐದು ಪತ್ರ, ಎಲ್ಲ ಒಂದೇ ಕೈಯವು. "ನನ್ನ ಮಾರಿ ಮ್ಯಾಲೆ ಹೇಳಿದ್ರ ನಾ ಏನು ನಿಮ್ಮನ್ನ ಕಡೀತಿದ್ದೆನೇನ್ರಿ?" ಎಂದರು. ಅಷ್ಟೇ. ಸುರುಳಿಯನ್ನು ಬಗಲಲ್ಲಿ ಹಿಡಿದುಕೊಂಡೇ ಬಸ್ಸು ಹತ್ತಿದರು.

ಆ ತಿಂಗಳ ಸಂಚಿಕೆಯ ಕೊನೆಯ ಚಿತ್ರದಲ್ಲಿ ಮಲ್ಲಣ್ಣ ಹವಾನ ಮೇಲೆ ಕೂತು ಕೋಟೆಯ ಕಂದಕ ಹಾರುತ್ತಿದ್ದ. ನಾಲ್ಕೂ ಕಾಲು ಗಾಳಿಯಲ್ಲಿ, ಕೆಳಗೆ ಮೊಸಳೆಗಳು. 'ಮುಂದೇನಾಯಿತು? ಮುಂದಿನ ತಿಂಗಳು ನೋಡಿರಿ' ಎಂದು ದಪ್ಪಕ್ಷರದಲ್ಲಿ ಅಚ್ಚಾಗಿತ್ತು. ಮುಂದಿನ ತಿಂಗಳು ಬಸ್ಸು ಬಂತು, ಚಿತ್ರ ಬರಲಿಲ್ಲ. 'ಗಿಲಕಿ' ನಿಂತಿತು. ಹದಿನಾರು ವರ್ಷವಾಯಿತು, ಆ ಪ್ರಾಣಿ ಇನ್ನೂ ಗಾಳಿಯಲ್ಲೇ ಇದೆ. ನಾನೂ ಇಷ್ಟು ದಿನ ಒಂದು ರೀತಿ ಅಲ್ಲೇ ಇದ್ದೆ. ಬಸವಕಲ್ಯಾಣದ ಬಸ್ಸು ಕಂಡರೆ ಕಂಡಕ್ಟರನ ಕೈ ನೋಡುತ್ತಿದ್ದೆ, ಸುರುಳಿ ಇದೆಯೇ ಎಂದು. ಎಷ್ಟೋ ಸಲ ಬಸ್ ಸ್ಟ್ಯಾಂಡಿನವರೆಗೆ ಹೋಗಿ, ಚಹಾ ಕುಡಿದು, ಮನೆಗೆ ಬಂದಿದ್ದೇನೆ.

ಹೋದ ತಿಂಗಳು ಜ್ವರ ಬಂದು ದವಾಖಾನೆಗೆ ಹೋಗಿದ್ದೆ. ದುಬಲಗುಂಡಿಯ ನರ್ಸಮ್ಮ ಸೂಜಿ ಹಿಡಿದು, ಚೀಟಿಯ ಮೇಲಿನ ಹೆಸರು ಓದಿ, "ಕಾಕಾ, ಗಿಲಕಿ ಸಂಪಾದಕ್ರು ನೀವೇ ಏನ್ರಿ?" ಎಂದಳು. ನನ್ನ ಅರ್ಧ ಜ್ವರ ಅಲ್ಲೇ ಇಳಿಯಿತು. ನನ್ನ ಯಾವ ಮಾತು ನೆನಪಿದೆಯಮ್ಮಾ ಎಂದು ಕೇಳಿದೆ. "ಮಾತು ಯಾರು ಓದ್ತಿದ್ರು ಬಿಡ್ರಿ. ಆ ಕತ್ತೆ ಇತ್ತಲ್ಲ, ಪಾಪ, ಅದು ಆ ಕಡಿ ದಂಡಿ ಮುಟ್ಟಿತೇನ್ರಿ? ನಮ್ಮ ಸಾಲ್ಯಾಗ ಎಲ್ಲರಿಗೂ ಅದರ ಮ್ಯಾಲೆ ಭಾಳ ಜೀವ ಇತ್ರಿ" ಎಂದಳು. ಸೂಜಿ ಅಷ್ಟು ನೋಯಲಿಲ್ಲ.

ಇದಾಗಿ ವಾರ ಕಳೆದಿರಬಹುದು, ಮನೆಗೆ ಒಂದು ಕಾರ್ಡು ಬಂತು. 'ಸಂಪಾದಕರೇ, ಕತ್ತೆ ಇನ್ನೂ ಹಾರುತ್ತಲೇ ಇದೆಯೇ? ಅದರ ಕಾಲು ನೋಯುತ್ತಿರಬಹುದು. ಬೇಗ ಇಳಿಸಿರಿ. ಇಂತಿ, ಶರಣಪ್ಪ, ಇನ್ನೂ ಆರನೇ ತರಗತಿ, ನಿರ್ಣಾ.' ಅಕ್ಷರ ಮುತ್ತಿನಂಥವೇ, ಆದರೆ ಪ್ರತಿಯೊಂದು ಮುತ್ತೂ ನಡುಗಿತ್ತು. ನಾನು ಉತ್ತರ ಬರೆಯಲು ಪೆನ್ನು ಹುಡುಕತೊಡಗಿದೆ. ಶಾಂತಾ ಕಾರ್ಡು ಓದಿ, "ಮತ್ತ ಪತ್ರ ಬರೀತೀರೇನು? ಬರದದ್ದು ಸಾಕಾಗಿಲ್ಲೇನು? ಮೊದಲು ಎದ್ದು ಬಸ್ ಹತ್ರಿ" ಎಂದಳು.

ದಾರಿಯುದ್ದಕ್ಕೂ ಕ್ಷಮೆಯ ಮಾತು ಬರೆದೆ, ಹೊಡೆದುಹಾಕಿದೆ. ಬಸವಕಲ್ಯಾಣದಲ್ಲಿ ಸಾಹೇಬರ ಬೋರ್ಡು ಒಂದೂ ಉಳಿದಿರಲಿಲ್ಲ, ಎಲ್ಲ ಫ್ಲೆಕ್ಸು. ಬಾಗಿಲು ಬಡಿದೆ. "ಯಾರ್ರಿ?" ಎಂದರು ಒಳಗಿನಿಂದ. ಬರೆದದ್ದೆಲ್ಲ ಮರೆತುಹೋಯಿತು. "ನಾನ್ರಿ, ನಿರ್ಣಾದ ಶರಣಪ್ಪ" ಎಂದೆ. ಆಮೇಲೆ ಬಾಗಿಲು ತೆರೆಯಿತು. "ಬಾರೋ ತಮ್ಮಾ, ಬಾ. ಎಷ್ಟ ಹುಡುಕಿಸಿದಿ ನನ್ನ ಕೈಲೆ!" ಎಂದು ಕೈ ಹಿಡಿದು ಒಳಗೆ ಕರೆದರು. ಹಿಡಿದ ಕೈ ನಡುಗುತ್ತಿತ್ತು.

ಅದೇ ಹಳೆಯ ಸುರುಳಿ ಬಿಚ್ಚಿದರು. "ಈಗ ನನ್ನ ಮಾರಿ ನೋಡಿ ಹೇಳು, ಹ್ಯಾಂಗ ಅದ?" ನೋಡಿದೆ. "ಕತ್ತೆನೇ ಅದರಿ ಸಾಹೇಬ್ರ" ಎಂದೆ. ಅವರು ಕೆಮ್ಮು ಬರುವವರೆಗೆ ನಕ್ಕರು. ನಕ್ಕು, ಕಿವಿ ಸಣ್ಣ ಮಾಡಲು ರಬ್ಬರು ತೆಗೆದುಕೊಂಡರು. ನಾನು ಗಾಬರಿಯಿಂದ ತಡೆದು ನರ್ಸಮ್ಮನ ಮಾತು ಹೇಳಿದೆ. ಸಾಹೇಬರು ಎರಡು ಸಲ ಹೇಳಿಸಿದರು. "ಹಂಗಾರ ಇಳಿಸಿಬಿಡೂಣು ಅದನ್ನ" ಎಂದು ಹೊಸ ಹಾಳೆ ತೆಗೆದರು.

ಅಂದಿನಿಂದ ಪ್ರತಿ ಗುರುವಾರ ಬಸವಕಲ್ಯಾಣಕ್ಕೆ ಹೋಗುತ್ತೇನೆ. ಸಾಹೇಬರು ನಡುಗುವ ಕೈಯಲ್ಲಿ ಒಂದು ಗೆರೆ ಎಳೆಯುತ್ತಾರೆ, ಚಹಾ ಕುಡಿಯುತ್ತೇವೆ, ಇನ್ನೊಂದು ಗೆರೆ. ಅವರೇನಾದರೂ ಅವಸರ ಮಾಡಿದರೆ, ದಿನಕ್ಕೆರಡು ಸಲ ಫೋನು ಮಾಡುತ್ತಿದ್ದ ಇದೇ ಸಂಪಾದಕ, "ಸಬೂರಿ ಇಟ್ಕೋರಿ ಸಾಹೇಬ್ರ" ಎನ್ನುತ್ತಾನೆ. ಮೊನ್ನೆ ಉಣ್ಣಲು ಬಡಿಸುತ್ತಾ ಶಾಂತಾ ಕೇಳಿದಳು, "ಇಳೀತೇನ್ರಿ ಕುದರಿ?" ಇನ್ನಾ ಒಂದು ಗೇಣು ಅದ ಎಂದೆ. "ನಿಮಗ ಅದು ಇಳಿಯೂದು ಬ್ಯಾಡಾಗ್ಯದ, ಅಷ್ಟ ಹೇಳ್ರಿ" ಎಂದಳು. ನಾನು ತಾಟಿನ ಕಡೆ ನೋಡಿ, "ಸಾರಿಗೆ ಉಪ್ಪಿಲ್ಲ" ಎಂದುಬಿಟ್ಟೆ. ಅವಳು ಎದ್ದು ಒಳಗೆ ಹೋದಳು. ಉಪ್ಪಿನ ಡಬ್ಬಿ ತಂದು ಮುಂದಿಟ್ಟಳು, ಅಷ್ಟೇ. ಕಡಿಯಲಿಲ್ಲ.