ದೆವ್ವ ಉಟ್ಟ ಸೀರೆ

ದೆವ್ವದ ಸಿನಿಮಾಗಳ ಬಗ್ಗೆ ಎಷ್ಟು ಹೊತ್ತು ಬೇಕಾದರೂ ಮಾತಾಡಬಲ್ಲೆ. ನೋಡುವುದಕ್ಕೆ ಮಾತ್ರ ನನ್ನಿಂದಾಗದು. ದೆವ್ವ ಬರುವ ಮುಂಚೆ ಒಂದು ಬಾಗಿಲು ಕಿರ್ರೆನ್ನುತ್ತದಲ್ಲ, ಅಷ್ಟಕ್ಕೇ ನನ್ನ ಎರಡೂ ಕೈ ಮುಖದ ಮೇಲೆ. ಇಂಥವನಿಗೆ ನಮ್ಮ ಚಳ್ಳಕೆರೆ ಕಾಲೇಜಿನ ಪ್ರಿನ್ಸಿಪಾಲರು ‘ದೆವ್ವದ ಸಿನಿಮಾ, ಸಮಾಜದ ಭಯ’ ಅಂತ ಸೋಮವಾರಕ್ಕೆ ಒಂದು ಭಾಷಣ ಗಂಟುಹಾಕಿದರು. ಅರ್ಧ ಭಾಷಣ ಸಲೀಸಾಗಿ ಬಂತು. ನಾನು ಹುಡುಗನಾಗಿದ್ದಾಗ ದೆವ್ವವೆಂದರೆ ಬಾವಿಗೆ ಬಿದ್ದ ಸೊಸೆ. ಸೊಸೆಯರನ್ನು ಗೋಳುಹೊಯ್ದುಕೊಂಡವರೆಲ್ಲ ಟೆಂಟಿನಲ್ಲಿ ನಡುಗುತ್ತ ಕೂತಿರುತ್ತಿದ್ದರು. ಆಮೇಲೆ ದೆವ್ವ ಅಪಾರ್ಟ್‌ಮೆಂಟಿನ ಲಿಫ್ಟ್ ಹತ್ತಿತು. ಪಕ್ಕದ ಮನೆಯವರ ಹೆಸರೂ ಗೊತ್ತಿಲ್ಲದವರ ಭಯ ಅದು. ಈಗ ಮೊಬೈಲಿನೊಳಗೇ ಬಂದು ಕೂತಿದೆ. ಸರಿ, ನಮ್ಮ ಕಡೆಯವರು ಯಾವುದಕ್ಕೆ ಹೆದರುತ್ತಾರೆ? ಅದಕ್ಕೊಂದು ಉದಾಹರಣೆ ಸಿಗದಿದ್ದರೆ ಸೋಮವಾರ ನನ್ನ ಮಾನ ಹರಾಜಾಗುತ್ತಿತ್ತು.

ಹಾಗಾಗಿ ಭಾನುವಾರ ಮಟಮಟ ಮಧ್ಯಾಹ್ನ, ಕಿಟಕಿಗಳನ್ನೆಲ್ಲ ತೆರೆದಿಟ್ಟು, ಹೊಸದೊಂದು ದೆವ್ವದ ಸಿನಿಮಾ ಹಾಕಿ, ಮೊಳಕಾಲ್ಮೂರಿನಿಂದ ಬಂದಿದ್ದ ಅವ್ವನನ್ನು ಪಕ್ಕದಲ್ಲಿ ಕೂರಿಸಿಕೊಂಡೆ. ಅವ್ವ ಇವತ್ತಿಗೂ ಮಗ್ಗದಲ್ಲಿ ರೇಷ್ಮೆ ಸೀರೆ ನೇಯುವವಳು. ದೆವ್ವಗಿವ್ವಕ್ಕೆಲ್ಲ ಕ್ಯಾರೇ ಅನ್ನುವುದಿಲ್ಲ. ನಾನು ಬೆರಳ ಸಂದಿಯಲ್ಲಿ ಇಣುಕುತ್ತಿದ್ದರೆ ಅವಳು ಕಡಲೆಕಾಯಿ ಸುಲಿಯುತ್ತ, “ಈ ಹುಡುಗಿ ನೆಟ್ಟಗೆ ತಲೆ ಬಾಚ್ಕೊಂಡಿದ್ರೆ ಯಾರೂ ಹೆದ್ರುತಿರ್ಲಿಲ್ಲ ಬಿಡು” ಅಂದಳು. ಅಷ್ಟರಲ್ಲಿ ದೆವ್ವ ಹಾರಿತು, ಸೆರಗು ಮಗುಚಿತು. “ಅಯ್ಯೋ ನಮ್ಮಪ್ಪಾ!” ಎಂದು ಅವ್ವ ಕಿರುಚಿದಳು. ಕಡಲೆಕಾಯಿಯೆಲ್ಲ ನೆಲದ ಪಾಲಾಯಿತು.

“ಹೆದರ್ಕೊಂಡ್ಯಾ ಅವ್ವಾ?” ಅಂದೆ, ಒಳಗೊಳಗೇ ಖುಷಿಪಡುತ್ತ.

“ಸೆರಗಿನ ಹಿಂಬದಿ ನೋಡಲೇ! ನೂಲೆಲ್ಲಾ ಕತ್ತರಿಸವ್ರೆ. ಪವರ್‌ಲೂಮ್ ಸೀರೆ ಅದು. ನವಿಲು ನಮ್ದು, ಅಂಚು ನಮ್ದು, ಮಿಷನ್‌ನಾಗೆ ಹೊಡ್ದವ್ರೆ. ದೆವ್ವಕ್ಕೂ ಮಗ್ಗದ ಸೀರೆ ಬ್ಯಾಡಾತೇನೋ? ಇನ್ನ ನಾನು ಯಾರಿಗೆ ನೇಯ್ಲಿ?”

ಅವಳು ನಿಜಕ್ಕೂ ಹೆದರಿದ್ದಳು. ಸಂತೈಸಬೇಕಾದ ನಾನು, ನಾಚಿಕೆ ಬಿಟ್ಟು ಹೇಳುತ್ತೇನೆ, ಉದಾಹರಣೆ ಸಿಕ್ಕಿತೆಂದು ಪೆನ್ನು ಹುಡುಕಿದೆ.

ಪೆನ್ನು ಸಿಗುವ ಮೊದಲೇ ನನ್ನ ಹೆಂಡತಿ ಪಕ್ಕದ ಬೀದಿಯ ಸೀಮಂತಕ್ಕೆಂದು ಸಿಂಗರಿಸಿಕೊಂಡು ಹೊರಬಂದಳು. ಉಟ್ಟಿದ್ದು, ಅವ್ವ ನೇಯ್ದು ಮುಗಿಸುವವರೆಗೆ ಕಾಯುವ ತಾಳ್ಮೆಯಿಲ್ಲದೆ ನಾನು ಆನ್‌ಲೈನಿನಲ್ಲಿ ತರಿಸಿ, ಮೊಳಕಾಲ್ಮೂರು ಮಗ್ಗದ್ದೇ ಎಂದು ಹೆಂಡತಿಯನ್ನು ನಂಬಿಸಿದ್ದ ಸೀರೆ. ಅವ್ವ ಎದ್ದು ಹೋಗಿ ಅದರ ಸೆರಗು ಹಿಡಿದು ಹಿಂಬದಿ ತಿರುಗಿಸಿ ನೋಡಿದಳು. ಆಮೇಲೆ ನಿಧಾನವಾಗಿ ನನ್ನ ಕಡೆ ತಿರುಗಿದಳು.

ಟಿವಿಯಲ್ಲಿ ದೆವ್ವ ಬಾಯ್ತೆರೆದು ನಿಂತಿತ್ತು. ನಾನು ಮುಖಕ್ಕೆ ಕೈ ಅಡ್ಡ ಹಿಡಿಯದೆ, ರೆಪ್ಪೆ ಬಡಿಯದೆ ಅದನ್ನೇ ನೋಡುತ್ತ ಕೂತೆ.