ಬಚ್ಚಲಮನೆಯ ಗೀಸರ್‌ಗೆ ನಿವೃತ್ತಿ ಕೋರಿ

ಇಂದ:
ಸೌ. ವೈಜಯಂತಿ ಹೇಮಂತ ಟೆಂಬೆ,
ಏಕೈಕ ಸೊಸೆ (ತಮ್ಮ ಬಾಯಲ್ಲಿ "ಸೂನ್‌ಬಾಯಿ"),
ಟೆಂಬೆಯವರ ಮನೆ, ಸಾತಾರಾ.

ಗೆ:
ಶ್ರೀ ಮಾಧವರಾವ್ ಟೆಂಬೆ,
ನೀರಾವರಿ ಇಲಾಖೆಯ ನಿವೃತ್ತ ಹೆಡ್ ಕ್ಲರ್ಕ್,
ಮಾವನವರು, ಹಾಲಿ ಜೋಕಾಲಿಯ ಮೇಲೆ.

ವಿಷಯ: ಗೀಸರ್ ಬದಲಾಯಿಸುವ ಕಾಲ ಬಂದಿರುವ ಬಗ್ಗೆ.

ಉಲ್ಲೇಖ: "ಏನಿದ್ರೂ ಬರೆದು ಕೊಡು ಸೂನ್‌ಬಾಯಿ, ಬಾಯಿಮಾತಿಗೆಲ್ಲ ನಾನು ಸಹಿ ಹಾಕೋನಲ್ಲ" ಎಂದು ತಾವು ನಿನ್ನೆ ಚಹಾದ ಹೊತ್ತಿಗೆ ಹೊರಡಿಸಿದ ಬಾಯಿಮಾತಿನ ಆದೇಶ.

ಮಾನ್ಯರೇ,

ಮೇಲ್ಕಂಡ ವಿಷಯಕ್ಕೆ ಸಂಬಂಧಿಸಿದಂತೆ ಅರ್ಜಿದಾರಳು ಅರಿಕೆ ಮಾಡಿಕೊಳ್ಳುವುದೇನೆಂದರೆ:

1. ಬಿಸಿನೀರಿನ ನಲ್ಲಿಯಲ್ಲಿ ಕೆಂಪು ನೀರು ಬರುತ್ತಿದೆ. ತಣ್ಣೀರಿನ ನಲ್ಲಿಯಲ್ಲಿ ಬರುತ್ತಿಲ್ಲ. ಆದ್ದರಿಂದ ತಪ್ಪು ನಗರಸಭೆಯದಲ್ಲ, ಟ್ಯಾಂಕಿನ ಒಳಗೇ ತುಕ್ಕು ಹಿಡಿದಿದೆ. ಆ ನೀರಿನಲ್ಲಿ ಕಬ್ಬಿಣದ ಸತ್ವವಿದೆಯೆಂದು ತಾವು ಅಭಿಪ್ರಾಯಪಟ್ಟಿದ್ದೀರಿ. ತಮ್ಮ ಮೊಮ್ಮಗಳು ಮುಕ್ತಾಳ ಬಿಳಿ ಸಮವಸ್ತ್ರ ಈ ಅಭಿಪ್ರಾಯವನ್ನು ಒಪ್ಪಿಲ್ಲ.

2. ಸ್ವಿಚ್ ಹಾಕಿದರೆ ಒಳಗೆ ಕಲ್ಲು ಬೇಯಿಸಿದಂತೆ ಸದ್ದು. ಅಡಿಯಿಂದ ಹನಿ. ಕಾಯಿಲ್ ಸುಟ್ಟರೆ ಬೇರೆ ಹಾಕಬಹುದು, ಟ್ಯಾಂಕೇ ತೂತಾದರೆ ಏನೂ ಮಾಡಲಾಗದೆಂದು ರಿಪೇರಿಗೆ ಬಂದವರು ಹೇಳಿದರು. ತಾವು ಅವರಿಗೆ ಚಹಾ ಕೊಟ್ಟು ಸಾಗಹಾಕಿ, ಹನಿಯ ಕೆಳಗೆ ತಂಬಿಗೆ ಇಟ್ಟು, ತುಂಬಿದ್ದನ್ನು ತುಳಸಿಗೆ ಹಾಕಲು ಆದೇಶಿಸಿದಿರಿ. ಪರಿಣಾಮವಾಗಿ, ತುಳಸಿಯೂ ಕಂದಿದೆ.

3. ಗೀಸರ್‌ನ ಮುಖದ ಮೇಲೆ ಕುಂಕುಮದ ಸ್ವಸ್ತಿಕವಿದೆ. ಖಂಡೇನವಮಿಯ ದಿನ ಈಳಿಗೆಮಣೆ, ಹೊಲಿಗೆ ಯಂತ್ರಗಳ ಜೊತೆ ಅತ್ತೆಯವರು ಇದಕ್ಕೂ ಚೆಂಡುಹೂವಿನ ಮಾಲೆ ಹಾಕಿ ಪೂಜಿಸುತ್ತಿದ್ದರು. ಅವರು ತೀರಿಕೊಂಡ ಮೇಲೆ ಆ ಸ್ವಸ್ತಿಕವನ್ನು ಯಾರೂ ಒರೆಸಿಲ್ಲ, ಯಾರೂ ತಿದ್ದಿಯೂ ಇಲ್ಲ. ಅರ್ಜಿದಾರಳು ಗುಜರಿ ಗಾಡಿಯ ಮಾತೆತ್ತಿದಾಗ ತಾವು ಜೋಕಾಲಿ ನಿಲ್ಲಿಸಿ ಹೇಳಿದಿರಿ: "ನನ್ನ ಮಂಡಿನೂ ಸದ್ದು ಮಾಡ್ತದೆ, ಮೂಗೂ ಸೋರ್ತದೆ. ನನ್ನನ್ನೂ ಅದೇ ಗಾಡೀಲಿ ಕಳಿಸ್ತೀಯೇನಮ್ಮ?"

ಅರ್ಜಿದಾರಳು ಹೋಗಿ ತುಂಬಿದ ತಂಬಿಗೆಯನ್ನು ಖಾಲಿ ಮಾಡಿ ಮತ್ತೆ ಹನಿಯ ಕೆಳಗೆ ಇಟ್ಟಳು.

4. ಆದರೆ ದಿನವೂ ಮೊದಲು ಸ್ನಾನಕ್ಕೆ ಹೋಗುವವರು ತಾವು. ಹೊರಬಂದು, "ನೀರು ಸುಡ್ತಿತ್ತು. ಗೀಸರ್ ಗಟ್ಟಿಯಾಗಿದೆ" ಎಂದು ಪ್ರಮಾಣಪತ್ರ ನೀಡುವವರೂ ತಾವೇ. ತಮ್ಮ ಹಿಂದೆಯೇ ಒಳಹೋಗುವ ಅರ್ಜಿದಾರಳು ಕಂಡದ್ದು ಬೇರೆ: ಕನ್ನಡಿಯ ಮೇಲೆ ಒಂದು ಚೂರೂ ಆವಿ ಇರಲಿಲ್ಲ. ಮಾರ್ಗಶಿರದ ಚಳಿಯಲ್ಲಿ, ಈ ಕೆಮ್ಮಿನಲ್ಲಿ, ತಾವು ತಣ್ಣೀರು ಸುರಿದುಕೊಳ್ಳುತ್ತಿದ್ದೀರಿ.

ಇಂದು ಬೆಳಿಗ್ಗೆ ಕೇಳಿದಾಗ ತಾವು ಟವೆಲಿನೊಳಗಿಂದ, "ಅದಕ್ಕೂ ಸ್ವಲ್ಪ ವಿಶ್ರಾಂತಿ ಬೇಡವೇ ಸೂನ್‌ಬಾಯಿ? ಇನ್ನೊಂದಷ್ಟು ದಿನ ಇರಲಿ ಅಂತ" ಎಂದಿರಿ. ತುಟಿ ನಡುಗುತ್ತಿತ್ತು.

ಬಾಬಾ, ಗೀಸರ್ ಬದಲಾಯಿಸುವ ಕಾಲ ಬಂದಿದೆಯೆಂದು ತಿಳಿಯಲು ಇದಕ್ಕಿಂತ ದೊಡ್ಡ ಗುರುತು ಅರ್ಜಿದಾರಳಿಗೆ ಬೇಕಿಲ್ಲ.

ಆದ್ದರಿಂದ ಹೊಸ ಗೀಸರ್‌ಗೆ ಮಂಜೂರಾತಿ ನೀಡಬೇಕೆಂದೂ, ಹಳೆಯದರ ಸ್ವಸ್ತಿಕವಿರುವ ಮುಂಭಾಗದ ತಗಡನ್ನು ಗುಜರಿಗೆ ಕೊಡದೆ ಅತ್ತೆಯವರ ಹೊಲಿಗೆ ಯಂತ್ರದ ಪಕ್ಕದಲ್ಲಿ ಇರಿಸಲು ಅನುಮತಿಸಬೇಕೆಂದೂ, ಹೊಸದಕ್ಕೆ ಮೊದಲ ಕುಂಕುಮವನ್ನು ತಾವೇ ಇಡಬೇಕೆಂದೂ ಪ್ರಾರ್ಥನೆ.

ತಮ್ಮ ವಿಶ್ವಾಸಿ, ತಮ್ಮ ಕೆಮ್ಮನ್ನು ಗೋಡೆಯಾಚೆಯಿಂದ ಕೇಳುತ್ತಿರುವ,
ವೈಜಯಂತಿ

ಲಗತ್ತುಗಳು:
ಅ) ತುಕ್ಕಿನ ಚೂರುಗಳು, ಉಪ್ಪಿನಕಾಯಿ ಬಾಟಲಿಯಲ್ಲಿ.
ಆ) ಮುಕ್ತಾಳ ಸಮವಸ್ತ್ರ, ಒಗೆದದ್ದು.
ಇ) ಬಚ್ಚಲ ಕನ್ನಡಿ, ಆವಿ ಕಾಣದ್ದು. ನೋಡಿದ ನಂತರ ಮೊಳೆಗೆ ಮರಳಿಸುವುದು.

ಪ್ರತಿ: ಹೇಮಂತ ಟೆಂಬೆ, ಈವರೆಗೆ ಇಬ್ಬರ ಮಾತಿಗೂ ತಲೆಯಾಡಿಸಿದವರು, ಮಾಹಿತಿಗಾಗಿ.

ವಿ.ಸೂ.: ಮಂಜೂರಾತಿ ಬರುವವರೆಗೆ ತಮ್ಮ ನೀರನ್ನು ಒಲೆಯ ಮೇಲೆ ಕಾಯಿಸಿ ಕೊಡಲಾಗುವುದು. ನಾಳೆ ತಾವು ಸ್ನಾನ ಮುಗಿಸಿ ಬಂದಾಗ ಕನ್ನಡಿ ಮಸುಕಾಗಿರತಕ್ಕದ್ದು. ಅರ್ಜಿದಾರಳು ಖುದ್ದಾಗಿ ಪರಿಶೀಲಿಸುವಳು.