ಸೋರಾಯಾಳನ್ನು ಕೊಂದ ಬುಧವಾರ

ಆ ಬುಧವಾರ ಬೆಳಗ್ಗೆ ಕಾಫಿ ಹೀರುತ್ತಾ ನಾನು ಘೋಷಿಸಿಬಿಟ್ಟೆ: "ಇವತ್ತು ಸೋರಾಯಾನ ಕೊಂದೇ ಕೊಲ್ತೀನಿ. ಯಾರೂ ನನ್ನ ತಡೀಬೇಡಿ!"

ಯಾರೂ ತಡೆಯಲಿಲ್ಲ. ಒಲೆಯ ಮುಂದೆ ಸೋಯಾ ಕಾಳಿನ ಟೆಂಪೆ ಹೋಳು ಕರಿಯುತ್ತಿದ್ದ ಹೆಂಡತಿ ಕಿನಾಂತಿ ತಿರುಗಿಯೂ ನೋಡಲಿಲ್ಲ. "ಹೋದ ತಿಂಗಳೂ ಹಿಂಗೇ ಅಂದ್ರಿ. ಆಮೇಲೆ ಅವಳಿಗೆ ಮರೆವಿನ ಕಾಯಿಲೆ ಬರ್ಸಿ ಬಿಟ್ಬಿಟ್ರಿ," ಎಂದಳು.

ಸೋರಾಯಾ ಎಂದರೆ ನಾನು ಬರೆಯುವ ಟಿವಿ ಧಾರಾವಾಹಿಯ ದುಷ್ಟ ಅತ್ತೆ. ವಾರದ ಏಳೂ ದಿನ ಬರುವವಳು. ಬೆಳಗ್ಗೆ ನಾನು ಬರೆಯಬೇಕು, ಮಧ್ಯಾಹ್ನ ಚಿತ್ರೀಕರಣ, ಸಂಜೆ ಪ್ರಸಾರ. ಬಾಣಲೆಯಿಂದ ಎತ್ತಿದ್ದನ್ನು ಆರಲೂ ಬಿಡದೆ ತಟ್ಟೆಗೆ ಹಾಕುವ ವ್ಯವಹಾರ. ವರ್ಷಗಳಿಂದ ಹೀಗೇ ನಡೆದು, ನನಗೆ ನಿಂತಲ್ಲೇ ತೂಕಡಿಸುವ ಕಲೆ ಸಿದ್ಧಿಸಿತ್ತು. ನೋಡುವವರು ಕಡಿಮೆಯಾದರೆಂದು ನಿರ್ಮಾಪಕ ಪಾಕ್ ಹೆಂಕಿಯೇ ಕೊನೆಗೊಮ್ಮೆ, "ಮುಗಿಸಿಬಿಡು ಮಾರಾಯ," ಎಂದಿದ್ದ. (ಹಿರಿಯ ಗಂಡಸರ ಹೆಸರಿಗೆ ಪಾಕ್, ಹೆಂಗಸರ ಹೆಸರಿಗೆ ಬು ಸೇರಿಸುವುದು ನಮ್ಮ ಕಡೆಯ ಮರ್ಯಾದೆ.) ಸೋರಾಯಾ ಸತ್ತರೆ ಕಥೆ ಮುಗಿಯುತ್ತದೆ. ಕಥೆ ಮುಗಿದರೆ ಶನಿವಾರ ನಾನೂ ಕಿನಾಂತಿಯೂ ಪಂಗಂದರಾನ್ ಕಡಲತೀರಕ್ಕೆ ಹೊರಡುತ್ತೇವೆ. ಬಸ್ಸಿನಲ್ಲಿ ಸೀಟು ಹಿಡಿದಾಗಿತ್ತು.

"ಈ ಸಲಾನೂ ಕೈ ಕೊಟ್ರೆ ನಾನಂತೂ ಕಾಯೋಳಲ್ಲ. ಹೋಗೋಳೇ," ಎಂದಳು ಕಿನಾಂತಿ.

ಕುಳಿತು ಬರೆದೆ. ಆಯುಧ ಹುಡುಕಬೇಕಾಗಿರಲಿಲ್ಲ. ನಮ್ಮ ಧಾರಾವಾಹಿಗಳಲ್ಲಿ ಸಾಯಬೇಕಾದವರಿಗೆಲ್ಲ ಲಾರಿಯೇ ಗತಿ. ಲಾರಿ ಫರ್ಲಾಂಗು ದೂರದಲ್ಲಿದ್ದಾಗಲೇ ನಡುರಸ್ತೆಯಲ್ಲಿ ನಿಂತು, ಮುಖಕ್ಕೆ ಎರಡೂ ಕೈ ಅಡ್ಡ ಹಿಡಿದು ಕಿರುಚಬೇಕು. ಪಕ್ಕಕ್ಕೆ ಸರಿಯುವುದು ಪದ್ಧತಿಯಲ್ಲ. ಸೋರಾಯಾ ಪದ್ಧತಿ ಪ್ರಕಾರ ಕಿರುಚಿದಳು, ಪದ್ಧತಿ ಪ್ರಕಾರ ಸತ್ತಳು. ಬಿಳಿ ಬಟ್ಟೆ ಸುತ್ತಿ ಮಣ್ಣನ್ನೂ ಮಾಡಿಸಿ ನಾನು ಕೈ ತೊಳೆದುಕೊಂಡೆ.

ಆದರೆ ನಮ್ಮ ಮನೆಯಲ್ಲಿ ಕಿನಾಂತಿಯ ತಾಯಿ, ನನ್ನ ಅತ್ತೆ ಬು ಸುಮಿರಾ ಇದ್ದಾರಲ್ಲ! ಪ್ರತಿ ಸಂಜೆ ಟಿವಿ ಮುಂದೆ ಕುಳಿತು, "ಹಾಳಾದೋಳೇ, ನಿನ್ನ ನಾಲಿಗೆ ಸೇದೋಗ," ಎಂದು ಸೋರಾಯಾಗೆ ಮಂಗಳಾರತಿ ಮಾಡಿದರೇನೇ ಅವರಿಗೆ ಊಟ ಸೇರುವುದು. ಅಂದು ಲಾರಿ ಬಂದಾಗ ಅವರು ಬೈಯಲಿಲ್ಲ. ಸಾವಿನ ಸುದ್ದಿ ಕೇಳಿದಾಗ ಹೇಳುವ ಪ್ರಾರ್ಥನೆ ಹೇಳಿ, ಟಿವಿ ಆರಿಸಿ, ಮೆಲ್ಲಗೆ ಎದ್ದರು.

"ನಾಳೆ ಗುರುವಾರ. ಬೀದಿಯೋರನ್ನೆಲ್ಲ ಪ್ರಾರ್ಥನೆಗೆ ಕರೀಬೇಕು. ಕಿನಾಂತಿ, ಕೋಳಿಗೆ ಹೇಳು."

"ಯಾರಿಗಮ್ಮಾ ಪ್ರಾರ್ಥನೆ?"

"ಇನ್ಯಾರಿಗೆ? ದಿನಾ ಮನೆಗೆ ಬರ್ತಿದ್ದೋಳು. ಬಾಯಿಗೆ ಬಂದಂಗೆ ಬೈದಿದೀನಿ. ಹಂಗೇ ಕಳಿಸಿಬಿಡಕ್ಕಾಗತ್ತಾ?"

"ಅತ್ತೆ, ಅವಳು ಇರಲೇ ಇಲ್ಲ. ನಾನೇ ಬರೆದದ್ದು," ಎಂದೆ.

"ಹಂಗಾದ್ರೆ ಅವಳ ಕಡೆಯೋನು ಅಂತ ಇರೋನು ನೀನೊಬ್ಬನೇ. ನಾಳೆ ಬಂದೋರನ್ನ ಕರ್ಕೊಳ್ಳಕ್ಕೆ ಬಾಗಿಲಲ್ಲಿ ನಿಂತ್ಕೋ."

ಮಲಗಬೇಕಾಗಿದ್ದ ಗುರುವಾರವೆಲ್ಲ ಕೋಳಿ ತೊಳೆಯುವುದರಲ್ಲಿ, ಚಾಪೆ ಹಾಸುವುದರಲ್ಲಿ, ಬಂದವರಿಗೆ ಕೊಟ್ಟು ಕಳಿಸುವ ಅನ್ನದ ಡಬ್ಬಿಗಳಿಗೆ ಬೇಯಿಸಿದ ಮೊಟ್ಟೆ ಇಡುವುದರಲ್ಲಿ ಕಳೆಯಿತು. ಸಂಜೆ ನಮಾಜು ಮುಗಿಯುತ್ತಲೇ ಬೀದಿಗೆ ಬೀದಿಯೇ ಬಂತು. ಪ್ರಾರ್ಥನೆ ನಡೆಸುವ ಪಾಕ್ ಜುವೇದಿ ನನ್ನನ್ನು ಪಕ್ಕಕ್ಕೆ ಕರೆದರು. "ನೋಡು ತಮ್ಮಾ, ಹುಟ್ಟದೇ ಇರೋರಿಗೆ ಮಾಡಕ್ಕೆ ಬರಲ್ಲ. ಬೀದೀಲಿ ತೀರಿಹೋದ ಹಿರಿಯರೆಲ್ಲರ ಹೆಸರಲ್ಲಿ ಮಾಡ್ತೀನಿ. ಅಡಿಗೆ ಹೆಂಗೂ ಆಗಿದೆ," ಎಂದರು. ಬದುಕಿದೆ ಅಂದುಕೊಂಡೆ.

ಪ್ರಾರ್ಥನೆ ಮುಗಿಯಿತು. ಅತ್ತೆ ನನ್ನ ಬೆನ್ನಿಗೆ ತಿವಿದರು. "ಏಳು. ಅವಳ ಪರವಾಗಿ ಕ್ಷಮೆ ಕೇಳು."

ಸತ್ತವರ ಕಡೆಯವರು ಎದ್ದು ನಿಂತು, ಹೋದವರಿಂದ ತಪ್ಪಾಗಿದ್ದರೆ ಮನ್ನಿಸಿ ಎನ್ನುವುದು, ಜನ ಮನ್ನಿಸಿದೆವು ಎನ್ನುವುದು ನಮ್ಮಲ್ಲಿನ ರೂಢಿ. ಎದ್ದೆ. ಕಣ್ಣು ತಾನಾಗಿಯೇ ಮುಚ್ಚಿಕೊಳ್ಳುತ್ತಿತ್ತು. "ಸೋರಾಯಾ ಕಡೆಯಿಂದ ಏನಾದರೂ ತಪ್ಪಾಗಿದ್ದರೆ…"

"ಏನಾದರೂ ಅಂತೆ!" ಎಂದರು ಪಕ್ಕದ ಮನೆಯ ಬು ತುಮಿನಿ. "ಬಸುರಿ ಸೊಸೇನ ಉಗ್ರಾಣದಲ್ಲಿ ಕೂಡಿಹಾಕಿದ್ಲು. ಅದೂ ಉಪವಾಸದ ತಿಂಗಳಲ್ಲಿ."

"ಅದನ್ನ ಕ್ಷಮಿಸಿ," ಎಂದೆ.

"ಆಸ್ಪತ್ರೇಲಿ ಮಗು ಬದಲಾಯಿಸಿದ್ಲು," ಎಂದಿತು ಹಿಂದಿನ ಸಾಲು. "ಎರಡು ಸಲ."

"ಎರಡನೇ ಸಲ ನನಗೆ ಬೇರೆ ಏನೂ ಹೊಳೀಲಿಲ್ಲ. ಕ್ಷಮಿಸಿ," ಎಂದೆ. ಸುಸ್ತಿಗೋ ಏನೋ, ಕಣ್ಣಲ್ಲಿ ನೀರು ಬಂದುಬಿಟ್ಟಿತು.

ಅತ್ತೆಯ ಮನಸ್ಸೂ ಕರಗಿತು. "ಆಗ್ಲಿ, ಸೋರಾಯಾನ ಮನ್ನಿಸಿದೀವಿ," ಎಂದರು. ಎಲ್ಲರೂ ಹೂಂಗುಟ್ಟಿದರು. ಬು ತುಮಿನಿ ಮಾತ್ರ ಡಬ್ಬಿ ಎತ್ತಿಕೊಳ್ಳುತ್ತಾ, "ಆ ಲಾರಿ ಬರೆದೋನನ್ನ ಮನ್ನಿಸಲ್ಲ," ಎಂದು ಹೋದರು.

ಹೋಗಲಿ, ಹಾಸಿಗೆ ಕಂಡೆನಲ್ಲ ಎಂದು ಮಲಗಿದೆ. ಬೆಳಗ್ಗೆ ಎಬ್ಬಿಸಿದ್ದು ಪಾಕ್ ಹೆಂಕಿಯ ಫೋನು. ನಾನು ಸೋರಾಯಾಗಾಗಿ ಅಳುತ್ತಾ ಕ್ಷಮೆ ಕೇಳಿದ್ದನ್ನು ಬು ತುಮಿನಿ ಮೊಬೈಲಿನಲ್ಲಿ ಹಿಡಿದು ಊರಿಗೆಲ್ಲ ಹಂಚಿದ್ದರು.

"ದೇಶಾನೇ ಅಳ್ತಾ ಇದೆಯಯ್ಯಾ. ಸೋರಾಯಾ ಸತ್ತಿಲ್ಲ," ಎಂದ ಹೆಂಕಿ.

"ಪಾಕ್, ಮಣ್ಣು ಮಾಡಿದೀವಿ."

"ಬಟ್ಟೆ ಸರಿಸಿ ಮುಖ ತೋರಿಸಿದ್ಯಾ?"

"ಇಲ್ಲ."

"ಮತ್ತೆ? ಹೂತಿದ್ದು ಬೇರೆ ಯಾರನ್ನೋ. ಮಧ್ಯಾಹ್ನದೊಳಗೆ ಬರೆದು ಕಳಿಸು. ಇನ್ನೊಂದು ವರ್ಷಕ್ಕೆ ಮೋಸವಿಲ್ಲ."

ಅಡಿಗೆಮನೆಗೆ ಹೋಗಿ ವಿಷಯ ಹೇಳಿದೆ. ಅತ್ತೆಯ ಮುಖ ಕೆಂಪಾಯಿತು. "ಬದುಕಿದಾಳಾ ಆ ಹಾಳಾದೋಳು? ಹಂಗಾದ್ರೆ ಕ್ಷಮಿಸಿದ್ದೆಲ್ಲ ವಾಪಸ್ ತಗೊಂಡೆ," ಎಂದು ಎರಡು ಹಿಡಿ ಅನ್ನ ಹೆಚ್ಚಾಗಿಯೇ ಉಂಡರು. ಕಿನಾಂತಿ ಜಗಳವಾಡಲಿಲ್ಲ. ಪ್ರವಾಸಕ್ಕೆಂದು ತುಂಬಿಟ್ಟಿದ್ದ ಪೆಟ್ಟಿಗೆಯಿಂದ ನನ್ನ ಅಂಗಿಗಳನ್ನು ಒಂದೊಂದಾಗಿ ತೆಗೆದು ಮಂಚದ ಮೇಲಿಟ್ಟಳು. ಅಷ್ಟೇ ಜಾಗಕ್ಕೆ ಅತ್ತೆಯ ಬಟ್ಟೆಗಳು ಹೋದವು. ಅವಳು ಬೈದಿದ್ದರೇ ವಾಸಿಯಿತ್ತು.

ಶನಿವಾರ ಅವರಿಬ್ಬರೂ ಬಸ್ಸು ಹತ್ತಿದರು. ನಾನು ಮನೆಯಲ್ಲಿ ಕುಳಿತು, ತೂಕಡಿಸುತ್ತಾ, ಆಸ್ಪತ್ರೆಯ ಮಂಚದ ಮೇಲೆ ಸೋರಾಯಾಳ ಕಣ್ಣು ಬಿಡಿಸಿದೆ. ಸಂಜೆ ಕಂತು ಮುಗಿಯುತ್ತಲೇ ಅತ್ತೆಯ ಫೋನು ಬಂತು. ಅವರ ದನಿಯ ಹಿಂದೆ ಅಲೆಗಳ ಸದ್ದು, ಕಿನಾಂತಿಯ ನಗು.

"ನೋಡಿದೆ ಕಣಪ್ಪ," ಎಂದರು ಅತ್ತೆ. "ಎಷ್ಟೇ ಆಗ್ಲಿ ಪಾಪ, ತುಂಬಾ ಸೊರಗಿದಾಳೆ ಸೋರಾಯಾ. ನಾಲ್ಕು ದಿನ ಸಮುದ್ರದ ಕಡೆ ರಜಕ್ಕೆ ಕಳಿಸು ಅವಳನ್ನ."